ಕೊನೆಯಲ್ಲಿ ಬರುವ ಹೆಸರು

ಗಡಗಡ, ಗಡಗಡ. ಗುಡ್ಡದ ಓಣಿಯ ಹೆಪ್ಪುಗಟ್ಟಿದ ನೆಲದ ಮೇಲೆ ನೀರಿನ ಖಾಲಿ ಕ್ಯಾನು ಹೇರಿದ ಕೈಗಾಡಿಗಳು ಇಳಿಯುತ್ತಿದ್ದವು. ಇನ್ನರ್ಧ ಗಂಟೆಗೆ ನೀರಿನಂಗಡಿಯ ಕಿಟಕಿ ತೆರೆಯಬೇಕು. ಹದಿನೆಂಟು ವರ್ಷದಿಂದ ಆ ಕಿಟಕಿಯ ಹಿಂದೆ ಕೂತು ನಲ್ಲಿ ತಿರುಗಿಸುವ ಡುಲ್ಮಾ ಮಾತ್ರ ತನ್ನ ಗುಡಾರದ ಮನೆಯಲ್ಲಿ ಟೀವಿಯ ಮುಂದಿನಿಂದ ಕದಲಲಿಲ್ಲ.

ಟೀವಿಯಲ್ಲಿ ಮಾತಾಡುತ್ತಿದ್ದವನು ಅವಳ ಗಂಡ. ಸತ್ತು ನಲವತ್ತೊಂದು ದಿನವಾಗಿತ್ತು.

ಪರದೇಶದ ಚಿತ್ರಗಳ ಗಂಡಸರಿಗೆಲ್ಲ ಮಂಗೋಲಿಯನ್ ಭಾಷೆಯಲ್ಲಿ ದನಿ ಕೊಡುವುದು ಅವನ ಕೆಲಸವಾಗಿತ್ತು. “ನಿಮ್ಮ ಯಜಮಾನ್ರು ನಿನ್ನೆ ಮೂರು ಸಲ ಸತ್ರಲ್ಲ” ಎಂದು ನೀರಿಗೆ ಬಂದವರು ಛೇಡಿಸುತ್ತಿದ್ದರು. ಇವತ್ತಿನದು ಕೊರಿಯಾದ ಚಿತ್ರ. ಸತ್ತವನೊಬ್ಬ ಪರಲೋಕದ ನ್ಯಾಯಾಲಯಗಳನ್ನು ಒಂದೊಂದಾಗಿ ದಾಟುತ್ತಿದ್ದ. ಗದರುವ ನ್ಯಾಯಾಧೀಶನ ದನಿಯೂ ಅವಳ ಗಂಡನದೇ, ನಡುಗುತ್ತ ಉತ್ತರ ಕೊಡುವವನ ದನಿಯೂ ಅವನದೇ.

ಗಂಡನ ಅಕ್ಕ ಸೆರ್ಜ್ಮಾ ಉಪ್ಪಿನ ಚಹಾ ಬಗ್ಗಿಸುತ್ತ, ಟೀವಿ ಆರಿಸಿಬಿಡು ಎಂದಳು. ನಲವತ್ತೊಂಬತ್ತು ದಿನ ತುಂಬುವ ಮೊದಲು ಸತ್ತವನನ್ನು ಹೀಗೆ ಹಿಡಿದು ಕೂರಿಸಿಕೊಂಡರೆ ಜೀವಕ್ಕೆ ಹೋಗಲು ಕಾಲು ಬರುವುದಿಲ್ಲವಂತೆ. ಡುಲ್ಮಾ ಆರಿಸಲಿಲ್ಲ. ಅಳಲೂ ಇಲ್ಲ, ಅತ್ತರೆ ಹೋದವನ ದಾರಿಯಲ್ಲಿ ಕಣ್ಣೀರು ಕಡಲಾಗುತ್ತದೆ. ಸತ್ತವನ ಹೆಸರನ್ನಂತೂ ಮನೆಯವರು ಯಾರೂ ಎತ್ತುವಂತಿಲ್ಲ. ಅವಳು ಕಾದಿದ್ದು ಆ ಹೆಸರಿಗೇ. ಚಿತ್ರ ಮುಗಿಯುವಾಗ ದನಿ ಕೊಟ್ಟವರ ಹೆಸರನ್ನು ಅವನೇ ಓದುತ್ತಿದ್ದ. ಈ ಗುಡಾರದೊಳಗೆ ಆ ಹೆಸರು ಹೇಳಬಲ್ಲವನು ಇನ್ನು ಅವನೊಬ್ಬನೇ.

“ಗಂಡು ಪಾತ್ರಗಳಿಗೆ ದನಿ ನೀಡಿದವರು...” ಎಂದಿತು ಟೀವಿ. ಮರುಕ್ಷಣ ಸೋಪಿನ ಪುಡಿಯ ಜಾಹೀರಾತು.

ಡುಲ್ಮಾ ಚಾನೆಲ್ಲಿಗೆ ಫೋನು ಹಚ್ಚಿದಳು. ಜಾಹೀರಾತಿಗೆ ಹೊತ್ತು ಸಾಲದು, ಈಗ ಎಲ್ಲ ಚಿತ್ರಗಳ ಕೊನೆಯನ್ನೂ ಕತ್ತರಿಸುತ್ತಾರೆ ಎಂದಳು ಆ ಕಡೆಯ ಹುಡುಗಿ. ಆಮೇಲೆ ಕನಿಕರದಿಂದಲೇ ಕೇಳಿದಳು: “ಯಾರ ಹೆಸರು ಹೋಯ್ತು ಹೇಳಿ ಮೇಡಂ, ಬರ್ಕೋತೀನಿ.”

ಡುಲ್ಮಾಳ ನಾಲಿಗೆ ಹಲ್ಲಿಗೆ ತಾಗಿ ನಿಂತಿತು. ಇಪ್ಪತ್ತು ವರ್ಷ ಅವನು ಗಂಟಲು ಹರಿದುಕೊಂಡು ದುಡಿದ ಜಾಗ. ಯಾರ ಹೆಸರು ಅಂತೆ. ಹುಡುಗಿ ಮತ್ತೆ ಕೇಳಿದಳು. ಡುಲ್ಮಾ ಫೋನು ಇಟ್ಟು ಎದ್ದಳು. ಮೊಳೆಗೆ ತೂಗುಹಾಕಿದ್ದ, ಅವನ ಫೋಟೋ ಹೆಸರು ಎರಡೂ ಇದ್ದ ಸ್ಟುಡಿಯೋದ ಗುರುತಿನ ಕಾರ್ಡನ್ನು ಕಿತ್ತು ಮುಷ್ಟಿಯಲ್ಲಿ ಹಿಡಿದಳು.

“ಚಾನೆಲ್ಲಿಗೆ ಹೋಗಿ ಏನಂತೀಯೇ? ಹೆಸರು ಹೇಳೋ ಹಾಗಿಲ್ವಲ್ಲ” ಎಂದಳು ಸೆರ್ಜ್ಮಾ.

“ನಾನ್ಯಾಕೆ ಹೇಳ್ಲಿ ಅಕ್ಕ? ಕತ್ತರಿಸಿದವರ ಬಾಯಲ್ಲೇ ಓದಿಸ್ತೀನಿ.” ಆಗಲೇ ಅವಳು ಹೊಸ್ತಿಲು ದಾಟಿದ್ದಳು. “ಬೀಗದ ಕೈ ಅಲ್ಲೇ ಇದೆ, ನೀರಿಗೆ ಬಂದೋರಿಗೆ ನೀವೇ ಕಿಟಕಿ ತೆಗೆದು ನೀರು ಕೊಡಿ. ಸಂಜೆವರೆಗೂ ನಾನು ಬರದಿದ್ರೆ...” ಅವಳ ಮಾತಿನ ಕೊನೆಯನ್ನು ಕೈಗಾಡಿಗಳ ಗಡಗಡ ಕತ್ತರಿಸಿತು.