ಸಿಗ್ನಲ್ಲಿಗೆ ತೆರೆದ ಬಾಗಿಲು

ಕೋವಿಡ್ ಮುಗಿದ ಮರುವರ್ಷ. ಜಯನಗರದ ಒಂದು ನರ್ಸಿಂಗ್ ಹೋಮ್‌ನಲ್ಲಿ ನಾನಿನ್ನೂ ಚೆಸ್ಟ್ ಫಿಸಿಷಿಯನ್ ಆಗಿದ್ದೆ; ರಿಟೈರ್ ಆಗುವ ಮನಸ್ಸಿರಲಿಲ್ಲ. ಬನಶಂಕರಿಯ ವಸಂತಾ ಎಂಬಾಕೆಯನ್ನು ಆ ಚಳಿಗಾಲದಲ್ಲಿ ಮತ್ತೆ ಮತ್ತೆ ಅಡ್ಮಿಟ್ ಮಾಡಿಕೊಂಡೆ. ಸಿಗರೇಟಿರಲಿ, ಸೌದೆ ಒಲೆಯನ್ನೂ ಊದಿದವಳಲ್ಲ. ಆದರೂ ಸಿಒಪಿಡಿ, ಅಂದರೆ ಶ್ವಾಸನಾಳಗಳು ಕಿರಿದಾಗಿ ಒಳಗೆ ಹೋದ ಉಸಿರು ಸಲೀಸಾಗಿ ಹೊರಬಾರದ ಕಾಯಿಲೆ. ವಾರ್ಡಿನಲ್ಲಿ ಚೇತರಿಸಿಕೊಳ್ಳುವಳು; ಮನೆಗೆ ಹೋದರೆ ಮತ್ತೆ ಅದೇ ಉಬ್ಬಸ. ಇನ್ನೊಮ್ಮೆ ಬಿಗಡಾಯಿಸಿದರೆ ಉಳಿಸಿಕೊಳ್ಳುವುದು ಕಷ್ಟ ಅನ್ನಿಸಿ, ಒಂದು ಸಂಜೆ ನಾನೇ ಅವಳ ಮನೆಗೆ ಹೋದೆ.

ಮನೆ ಮೇನ್ ರೋಡಿಗೆ ಮುಖ ಮಾಡಿತ್ತು, ಎದುರಿಗೇ ಸಿಗ್ನಲ್. ಹುಡುಗಿಯಾಗಿದ್ದಾಗ ನಾನು ಸೈಕಲ್ ತುಳಿದ ರಸ್ತೆ ಅದು. ಆಗ ಅಲ್ಲಿ ಹೊಂಗೆ ಹೂವಿನ ವಾಸನೆ ಇರುತ್ತಿತ್ತು. ಮುಸ್ಸಂಜೆಯಾಯಿತು. ವಸಂತಾಳ ಅತ್ತೆ ಕಮಲಮ್ಮನವರು ದೀಪ ಹಚ್ಚಿ, ಹಿತ್ತಿಲ ಬಾಗಿಲನ್ನು ಭದ್ರವಾಗಿ ಮುಚ್ಚಿ, ಮುಂಬಾಗಿಲಿನ ಎರಡೂ ಕದ ತೆರೆದಿಟ್ಟರು. ರೆಡ್ ಲೈಟಿಗೆ ನಿಂತ ಬಸ್ಸು, ಲಾರಿಗಳ ಹೊಗೆ ಸೀದಾ ನಡುಮನೆಗೆ ನುಗ್ಗಿತು, ಹೊರಹೋಗಲು ದಾರಿಯಿರಲಿಲ್ಲ. ವಸಂತಾ ಕೆಮ್ಮತೊಡಗಿದಳು.

“ಅಮ್ಮ, ಆ ಬಾಗಿಲು ಮುಚ್ಚಿ, ಪ್ಲೀಸ್” ಎಂದೆ ನಾನು.

“ಲಕ್ಷ್ಮಿ ಬರೋ ಹೊತ್ತಲ್ಲಿ ಬಾಗಿಲು ಮುಚ್ಚೋದಾ? ಹಿತ್ಲು ಬಾಗಿಲು ತೆಗೆದ್ರೂ ಅಷ್ಟೇ, ಬಂದೋಳು ಹಾಗೇ ಹೊರಟು ಹೋಗ್ತಾಳೆ. ನಿಮ್ಮ ಕಾನ್ವೆಂಟಲ್ಲಿ ಇದೆಲ್ಲಾ ಹೇಳ್ಕೊಡಲ್ಲ, ಬಿಡಿ.”

“ಲಕ್ಷ್ಮಿಗಿಂತ ಮುಂಚೆ ಡೀಸೆಲ್ ಬರ್ತಿದೆಯಲ್ಲಮ್ಮ! ನಿಮ್ಮ ಸೊಸೆ ಸಾಯ್ತಾಳೆ.”

“ದೀಪ ಹಚ್ಚಿರೋವಾಗ ಸಾವಿನ ಮಾತಾ? ಬಿಡ್ತು ಅನ್ನಿ. ನಮ್ಮ ಬೆಂಗಳೂರಿನ ಗಾಳಿಗೆ ಯಾರ್ರೀ ಸಾಯ್ತಾರೆ? ಇದೇನು ಡೆಲ್ಲೀನಾ?”

ವಸಂತಾ ಉಸಿರು ಕೂಡಿಸಿಕೊಂಡು, “ಜಗಳ ಬೇಡ ಮೇಡಂ. ನಾನು ರೂಮಲ್ಲಿ ಇರ್ತೀನಿ” ಎಂದಳು. ರೂಮಿನ ಕಿಟಕಿಯೂ ಅದೇ ರಸ್ತೆಗಿತ್ತು.

ಯುಗಾದಿಗೆ ಮುಂಚೆ ಅವಳು ನಮ್ಮ ಐಸಿಯುನಲ್ಲಿ ತೀರಿಕೊಂಡಳು. ಸಾವಿನ ಕಾರಣ ‘ರೆಸ್ಪಿರೇಟರಿ ಫೇಲ್ಯೂರ್’ ಎಂದು ಬರೆದೆ. ರಸ್ತೆಯ ಹೆಸರು ಬರೆಯಲು ಅಲ್ಲಿ ಜಾಗವಿಲ್ಲ.

“ನಿಮ್ಮ ಔಷಧೀನೇ ಸರಿ ಇರ್ಲಿಲ್ಲ!” ಎಂದು ಕಮಲಮ್ಮ ಕಾರಿಡಾರಿನಲ್ಲಿ ಕೂಗಾಡಿದರು. ನಿಮ್ಮ ಬಾಗಿಲು ಸರಿ ಇತ್ತಾ ಎಂದು ನಾನೂ ಕೂಗಲು ಬಾಯಿ ತೆರೆದೆ. ಅಷ್ಟರಲ್ಲಿ ಅವರಿಗೆ ಕೆಮ್ಮು ಬಂತು. ಮಾತು ನುಂಗಿ, ಗೋಡೆ ಹಿಡಿಯುವಂತೆ ಮಾಡಿದ ಕೆಮ್ಮು. ಅದು ಎಂಥದ್ದೆಂದು ನನಗೆ ಗೊತ್ತಿತ್ತು. ಅವರನ್ನು ಬೆಂಚಿನ ಮೇಲೆ ಕೂರಿಸಿ ಬೆನ್ನಿಗೆ ಸ್ಟೆತಸ್ಕೋಪ್ ಇಟ್ಟೆ.

ಕೆಲಸ ನನಗೆ ಕಲಿಸಿದ್ದು ಇದನ್ನು: ಡಾಕ್ಟರಿಗೆ ಬೈಯಲು ಸಿಗುವವರು ಕಾಯಿಲೆ ಬಿದ್ದವರು ಮಾತ್ರ. ಮುಸ್ಸಂಜೆ ಬಾಗಿಲು ತೆರೆದರೆ ಜೀವ ಹೋಗುವಂಥ ಊರು ಕಟ್ಟಿದವರು ಯಾರೂ ಇವತ್ತಿನವರೆಗೆ ನನ್ನೆದುರು ಬಂದು ಕೂತಿಲ್ಲ.