ಕೊಂಬಿ ದಲ್ವಾ ಹಾಕದ ವೋಟು

ಮತಯಂತ್ರದಲ್ಲಿ ಅವಳ ಫೋಟೊದ ಕೆಳಗೆ ಬರುತ್ತಿದ್ದ ಹೆಸರು ‘ಕೊಂಬಿ ದಲ್ವಾ’. ದಲ್ವಾನಿರಾ ಎಂಬ ಪೂರ್ತಿ ಹೆಸರು ಲಗೋವಾ ರಾಸಾ ಊರಿನಲ್ಲಿ ಅವಳ ತಾಯಿಗೆ ಬಿಟ್ಟರೆ ಯಾರಿಗೂ ನೆನಪಿರಲಿಲ್ಲ. ಹದಿನಾಲ್ಕು ವರ್ಷದಿಂದ ತನ್ನ ಹಳೇ ಕೊಂಬಿ ವ್ಯಾನಿನಲ್ಲಿ ಊರಿನ ಕಿಡ್ನಿ ರೋಗಿಗಳನ್ನು ವಾರಕ್ಕೆ ಮೂರು ಸಲ ಎಂಬತ್ತು ಕಿಲೋಮೀಟರ್ ದೂರದ ನಗರಕ್ಕೆ ಡಯಾಲಿಸಿಸ್‌ಗೆ ಒಯ್ಯುತ್ತಿದ್ದಳು. ಈ ಕೆಲಸಕ್ಕೆ ಪುರಸಭೆಯೇ ಒಂದು ಗಾಡಿ ಇಡಬೇಕು, ತನ್ನ ಕೊಂಬಿ ಕೈಕೊಟ್ಟ ದಿನ ಯಾರೂ ಸಾಯಬಾರದು ಎಂದೇ ಅವಳು ಚುನಾವಣೆಗೆ ನಿಂತದ್ದು.

ಮೊದಲ ಸಲ ನಲವತ್ತೊಂದು ವೋಟು ಬಿತ್ತು, ಊರು ನಕ್ಕಿತು. ಎರಡನೇ ಸಲವೂ ಸೋತಳು. ಮೂರನೇ ಸಲ ಗೆದ್ದು, ನಾಲ್ಕು ವರ್ಷದಲ್ಲಿ ಅದೇ ಮಸೂದೆಯನ್ನು ಮೂರು ಬಾರಿ ಮಂಡಿಸಿದಳು. ಮೂರು ಬಾರಿಯೂ ಸಭೆಯ ಅಧ್ಯಕ್ಷನಾಗಿದ್ದ ಅವಳದೇ ಪಕ್ಷದ ಒಜೋರಿಯೊ ಅದನ್ನು ಕಪಾಟು ಸೇರಿಸಿದ. ಒಂಬತ್ತು ಮಂದಿಯ ಆ ಸಭೆಗೆ ಸತ್ತವರ ಹೆಸರನ್ನು ಬೀದಿಗಳಿಗೆ ಇಡಲು ಬೇಕಾದಷ್ಟು ಬಿಡುವಿತ್ತು, ಬದುಕಿರುವವರ ವಿಷಯಕ್ಕೆ ಮಾತ್ರ ಇರಲಿಲ್ಲ.

“ಇನ್ನೊಂದು ಸಲ ಗೆಲ್ತೀನಿ, ಆಗ ನೋಡೋಣ,” ಎಂದಳು ದಲ್ವಾ. ಆದರೆ ಈ ಸಲ ಪಕ್ಷಕ್ಕೆ ಒಂದೇ ಸ್ಥಾನ ದಕ್ಕುವಂತಿತ್ತು. ಪಕ್ಷದೊಳಗೆ ಯಾರಿಗೆ ಹೆಚ್ಚು ವೋಟು ಬೀಳುತ್ತೋ ಅವರಿಗೆ ಅದು, ಅವಳಿಗೋ, ಒಜೋರಿಯೊಗೋ.

ಮತದಾನದ ಭಾನುವಾರ ಕೊಂಬಿಯನ್ನು ಅಂಗಳದಲ್ಲೇ ನಿಲ್ಲಿಸಿದ್ದಳು. ಅಂದು ಅಭ್ಯರ್ಥಿಯ ಗಾಡಿಯಲ್ಲಿ ಮತದಾರರು ಕೂತರೆ ಕೇಸು. ಒಜೋರಿಯೊನ ಕಡೆಯವರು ಎದುರಿನ ಬೇಕರಿಯ ಮುಂದೆ ಫೋನು ಹಿಡಿದೇ ನಿಂತಿದ್ದರು. ನೂಕುನುಗ್ಗಲು ಕಳೆದ ಮೇಲೆ ಮೂರು ಗಂಟೆಗೆ ವೋಟು ಹಾಕಿದರಾಯಿತು ಎಂದುಕೊಂಡಿದ್ದಳು. ಎರಡಕ್ಕೆ ಎವಿಲಾಸಿಯೊ ಮುದುಕನ ಹೆಂಡತಿ ಓಡಿಬಂದಳು.

“ದಲ್ವಾ, ನಮ್ಮವ್ರಿಗೆ ಉಸಿರೇ ಆಡ್ತಿಲ್ಲ. ನಿನ್ನೆ ಡಯಾಲಿಸಿಸ್ ಬಿಟ್ಟು ಚುನಾವಣೆ ಬಾಡೂಟಕ್ಕೆ ಹೋಗಿದ್ರು. ಆಂಬುಲೆನ್ಸ್ ಬೇರೆ ಊರಿಗೆ ಹೋಗಿದೆಯಂತೆ.”

ದಲ್ವಾ ಬೇಕರಿಯ ಕಡೆ ಒಮ್ಮೆ ನೋಡಿ, ಬೀಗದ ಕೈ ತೆಗೆದುಕೊಂಡಳು. ಮುದುಕನನ್ನು ಕೊಂಬಿಗೆ ಹತ್ತಿಸುವಾಗ ಫೋನಿನವರು ಹತ್ತಿರವೇ ಬಂದರು.

“ವೋಟು ಹಾಕಿಸೋಕೆ ಕರ್ಕೊಂಡು ಹೊರಟ್ಯಾ?”

“ತೆಗಿಯೋ ಫೋಟೊ. ಮುದುಕನ ತುಟಿ ನೀಲಿಗಟ್ಟಿರೋದೂ ಕಾಣೋ ಹಾಗೆ ತೆಗಿ,” ಎಂದು ಗಾಡಿ ಬಿಟ್ಟಳು.

ನಗರದ ಆಸ್ಪತ್ರೆಯಲ್ಲಿ ಎವಿಲಾಸಿಯೊನನ್ನು ಡಯಾಲಿಸಿಸ್ ಯಂತ್ರಕ್ಕೆ ಹಾಕುವವರೆಗೂ ಕಾದು ಹಿಂದಿರುಗಿದಾಗ ಐದು ದಾಟಿ ಏಳು ನಿಮಿಷ. ಮತಗಟ್ಟೆಯ ಗೇಟು ಮುಚ್ಚಿತ್ತು.

ರಾತ್ರಿ ಎಣಿಕೆ ಮುಗಿದಾಗ ಅವಳಿಗೆ ಇನ್ನೂರ ಎಂಬತ್ತಾರು ವೋಟು, ಒಜೋರಿಯೊಗೂ ಅಷ್ಟೇ. ಸಮ ಬಂದರೆ ವಯಸ್ಸಿನಲ್ಲಿ ಹಿರಿಯರಿಗೆ ಸ್ಥಾನ ಎಂಬುದು ಕಾನೂನು, ಒಜೋರಿಯೊ ಅವಳಿಗಿಂತ ನಾಲ್ಕು ತಿಂಗಳು ದೊಡ್ಡವನು. ಅವತ್ತು ದಲ್ವಾ ಅಡುಗೆಮನೆಯಲ್ಲಿ ಕೂತು ಮನಸಾರೆ ಅತ್ತಳು. ಒಂದೇ ಒಂದು ವೋಟು, ಅದೂ ತನ್ನದೇ.

ಬುಧವಾರ ಎವಿಲಾಸಿಯೊನನ್ನು ಆಸ್ಪತ್ರೆಯಿಂದ ಕರೆತರಲು ಹೋದಳು. ಅರ್ಧ ದಾರಿ ಬಂದ ಮೇಲೆ ಅವನು ಬಾಯಿಬಿಟ್ಟ.

“ಮಗಳೇ, ಒಂದು ಮಾತು. ಆ ಬಾಡೂಟ ಒಜೋರಿಯೊಂದು. ಮನೆಗೆ ಹೆಂಚೂ ಕೊಡಿಸಿದ್ದ. ನನ್ನ ವೋಟು ಅವ್ನಿಗೇ ಅಂತ ಮಾತು ಕೊಟ್ಟಿದ್ದೆ.”

ದಲ್ವಾಳಿಗೆ ಮೈಯೆಲ್ಲಾ ಉರಿದುಹೋಯಿತು. ಇಳಿಸಿಬಿಡಲೇ ಎನ್ನಿಸಿ ಗಾಡಿಯನ್ನು ಪಕ್ಕಕ್ಕೂ ನಿಲ್ಲಿಸಿದಳು. ಆಮೇಲೆ ಲೆಕ್ಕ ಹೊಳೆಯಿತು.

“ಅಂದ್ರೆ ನಾವಿಬ್ರೂ ವೋಟು ಹಾಕಿದ್ರೂ ಸಮವೇ ಆಗ್ತಿತ್ತು. ಆಗಲೂ ಅವನೇ ಗೆಲ್ತಿದ್ದ,” ಎಂದು ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ಮುದುಕನಿಗೆ ನಗಬೇಕೋ ಬೇಡವೋ ತಿಳಿಯಲಿಲ್ಲ.

ನಗು ನಿಂತ ಮೇಲೆ ಅವಳು ಸೀಟಿನಡಿಯಿಂದ ಒಂದು ಹಾಳೆ ತೆಗೆದಳು. ಊರಿನ ನೂರಕ್ಕೆ ಐದು ಮಂದಿ ಮತದಾರರು ಸಹಿ ಹಾಕಿದರೆ ಜನರೇ ಮಸೂದೆ ತರಬಹುದಿತ್ತು. ಸಭೆ ಅದನ್ನು ಕಪಾಟಿಗೆ ಸೇರಿಸುವಂತಿರಲಿಲ್ಲ. ಮೇಲೆ ಡಯಾಲಿಸಿಸ್ ಗಾಡಿಯ ವಿಷಯ ಬರೆದಿತ್ತು, ಕೆಳಗೆಲ್ಲ ಖಾಲಿ.

“ನೀನು ಹೆಂಚಿಗೆ ವೋಟು ಕೊಡೋಕೆ ಹೊರಟಿದ್ದೆ. ಇದಕ್ಕೊಂದು ಸಹಿ ಹಾಕು, ತಾತ. ಆರುನೂರು ಬೇಕು, ಮೊದಲನೇದು ನಿಂದು.”

ಸೂಜಿ ಚುಚ್ಚಿ ಊದಿಕೊಂಡಿದ್ದ ಕೈಯಲ್ಲಿ ಅವನು ಪೂರ್ತಿ ಹೆಸರು ಬರೆಯುವವರೆಗೂ ದಲ್ವಾ ಇಂಜಿನ್ ಶುರು ಮಾಡಲಿಲ್ಲ.