ಬೀರಪ್ಪ ಎರಡನೇ ಸಲ ಬಿದ್ದಾಗ

ಕೋವಿಡ್ ಬರುವುದಕ್ಕೆ ಎರಡು ವರ್ಷ ಮೊದಲಿನ ಮಾತು. ಅದಕ್ಕೂ ಮುಂಚೆ ನಾನು ರಾಯಚೂರಿನ ಟಾಕೀಸೊಂದರಲ್ಲಿ ಇಪ್ಪತ್ತಾರು ವರ್ಷ ಚಿತ್ರ ಓಡಿಸುವ ಆಪರೇಟರ್ ಆಗಿದ್ದೆ. ಐದನೇ ತರಗತಿಗೆ ಶಾಲೆ ಬಿಟ್ಟವನಾದರೂ ಒಂದು ದಿನವೂ ನನ್ನ ಕೈಯಲ್ಲಿ ರೀಲು ಸುಟ್ಟಿಲ್ಲ. ಟಾಕೀಸು ಮುಚ್ಚಿದ ಮೇಲೆ ಸ್ವಂತ ಪ್ರೊಜೆಕ್ಟರ್ ಕೊಂಡು, ಮಾನ್ವಿ, ದೇವದುರ್ಗದ ಶಾಲೆಗಳಲ್ಲಿ ಹಳೆಯ ಮೂಕಿ ಹಾಸ್ಯಚಿತ್ರ ತೋರಿಸತೊಡಗಿದೆ. ಬೀಳುವುದು, ಏಳುವುದು, ಒದೆಸಿಕೊಳ್ಳುವುದು, ಮಾತೇ ಇರಲಿಲ್ಲ.

ಜೊತೆಗಾರ ಕಲ್ಮಲದ ಬೀರಪ್ಪ, ಕುರಿ ಕಾಯುವ ಮನೆತನದವನು, ಐವತ್ತು ದಾಟಿದವನು. ಕಿಟಕಿಗಳಿಗೆ ತನ್ನ ಮನೆಯ ಕರಿ ಕಂಬಳಿ ಕಟ್ಟಿ ಕತ್ತಲೆ ಮಾಡುತ್ತಿದ್ದ. ಆಮೇಲೆ ಪರದೆಯ ಪಕ್ಕ ನಿಂತು, ಚಿತ್ರದವನು ಬಿದ್ದಾಗ ತಾನೂ ಬೀಳುತ್ತಿದ್ದ. ಮಕ್ಕಳು ಅವನಿಗೇ ಹೆಚ್ಚು ನಗುತ್ತಿದ್ದರು. ನನ್ನದೊಂದೇ ಕಟ್ಟುನಿಟ್ಟು: ಆಟ ನಡೆದಾಗ ಅವನು ಬಾಯಿ ಬಿಡುವಂತಿಲ್ಲ. ಒಮ್ಮೆ "ಯಪ್ಪಾ" ಎಂದದ್ದಕ್ಕೆ ಮಾಸ್ತರರ ಎದುರೇ ಬೈದಿದ್ದೆ.

ಆ ದಿನ ದೇವದುರ್ಗ ತಾಲ್ಲೂಕಿನ ಒಂದು ಶಾಲೆಯಲ್ಲಿ ಮಧ್ಯಾಹ್ನದ ಆಟ. ಕಂಬಳಿ ಕಟ್ಟುತ್ತಾ ಬೀರಪ್ಪ ಅಂದ: "ಯಣ್ಣಾ, ಎದಿ ಹಿಡಕೊಂಡಂಗ ಆಗ್ಯಾದ."

"ಮುಂಜಾನಿ ಅಷ್ಟು ಮಿರ್ಚಿ ಭಜಿ ಹೊಡದ್ರ ಎದಿ ಹಿಡೀದ ಕುಣಿತದೇನಲೇ? ಆಟ ಮುಗೀಲಿ, ಸೋಡಾ ಕುಡಸ್ತೀನಿ."

"ಸೋಡಾದಾಗ ಮುಗಸಬ್ಯಾಡ, ಚಾನೂ ಕುಡಸು," ಎಂದು ನಕ್ಕ.

ಚಿತ್ರದವನು ಏಣಿಯಿಂದ ಬಿದ್ದ, ಬೀರಪ್ಪನೂ ಬಿದ್ದ. ಇಬ್ಬರೂ ಎದ್ದರು. ಚಿತ್ರದವನು ಕೋಟು ಕೊಡವಿಕೊಂಡು ಹೊರಟ. ಬೀರಪ್ಪ ಎದೆ ಹಿಡಿದು ಮತ್ತೆ ಕುಸಿದ. ಮಕ್ಕಳು ಬಿದ್ದು ಬಿದ್ದು ನಕ್ಕರು. ಅವನು ನನ್ನ ಕಡೆ ಕೈ ಬೀಸಿದ. ನೂರಾರು ಸಲ ಹಾಕಿದ ಚಿತ್ರ. ಅಲ್ಲಿ ಚಿತ್ರದವನು ಎರಡನೇ ಸಲ ಬೀಳುವುದಿಲ್ಲವೆಂದು ನನಗೆ ಗೊತ್ತಿತ್ತು. ಗೊತ್ತಿದ್ದೂ, ನನ್ನನ್ನು ಕೇಳದೆ ಹೊಸದೇನೋ ಸೇರಿಸಿದ್ದಾನೆಂದು ಸಿಟ್ಟಾದೆ. ಚಿತ್ರ ಓಡುತ್ತಲೇ ಇತ್ತು.

ಕೊನೆಗೆ ಎದ್ದು ಕೂಗಿದವಳು ಬಿಸಿಯೂಟದ ಅಡುಗೆಯಾಕೆ: "ನಗಬ್ಯಾಡ್ರಲೇ! ಆಟ ಅಲ್ಲ ಇದು, ಮೈಯೆಲ್ಲ ಬೆವತು ನೀರಾಗ್ಯಾದ! ಲೈಟ್ ಹಚ್ರೀ ಮದ್ಲ!"

ಕಿಟಕಿಯ ಕಂಬಳಿ ಕಿತ್ತು, ಅದರಲ್ಲೇ ಅವನನ್ನು ಹೊತ್ತು, ನಾವು ಬಂದಿದ್ದ ಜೀಪಿಗೆ ಹಾಕಿದೆವು.

"ಒದರಬಾರದೇನಲೇ?" ಎಂದೆ.

"ನೀ ಬೈತಿದ್ದಿ," ಅಂದ.

ದೇವದುರ್ಗದ ಆಸ್ಪತ್ರೆಯಲ್ಲಿ ಇಂಜೆಕ್ಷನ್ ಕೊಟ್ಟು ರಾಯಚೂರಿಗೆ ಕಳಿಸಿದರು. ದಾರಿಯಲ್ಲೇ ಪ್ರಾಣ ಹೋಯಿತು. ಹಾರ್ಟ್ ಅಟ್ಯಾಕ್, ಇನ್ನಷ್ಟು ಬೇಗ ತರಬೇಕಿತ್ತು ಎಂದರು ಡಾಕ್ಟರು. ಆ ಕಂಬಳಿಯನ್ನು ಅವನ ಹೆಂಡತಿಯ ಕೈಗೆ ಕೊಟ್ಟವನು ನಾನೇ.

ಆಟ ಬಿಡಲಿಲ್ಲ, ಆ ಕಟ್ಟುನಿಟ್ಟು ಬಿಟ್ಟೆ. ಹೋದ ವರ್ಷ ಮಾನ್ವಿಯಲ್ಲಿ ಮಾಸ್ತರರೊಬ್ಬರು ಉಮೇದಿನಿಂದ ಪರದೆ ಮುಂದೆ ಬಂದು ಜಾರಿಬಿದ್ದರು. ಚಿತ್ರ ನಿಲ್ಲಿಸಿ ಲೈಟ್ ಹಚ್ಚಿದೆ. ಅವರು ಧೂಳು ಝಾಡಿಸುತ್ತಾ ಎದ್ದರು. "ಏನ್ರೀ, ಚೊಲೋ ನಗು ಹಾಳ ಮಾಡಿದ್ರಿ!"

"ಮಾಡೀನ್ರೀ," ಎಂದೆ.

ಎಲ್ಲರೂ ನಗುವಾಗ ನಗದೆ ನೋಡುತ್ತಿರಬೇಕಾದವನು ಒಬ್ಬ ಇರುತ್ತಾನೆ. ಅವನೇ ಆಪರೇಟರ್. ನಾನು ಇಪ್ಪತ್ತಾರು ವರ್ಷ ಬರೀ ಮಶೀನು ನೋಡಿದ್ದೆ, ಮನುಷ್ಯರನ್ನಲ್ಲ.